ಬ್ರಾಂದಿ ಅಂಗಡಿ ದಾರಿಯ ರಾಕ್ಷಸಿ

ಬುಕ್ಕಾಪಟ್ಟಣದ ರೇಣುಕಯ್ಯನಿಗೆ ಸಾಧಾರಣ ಎತ್ತರದ ಹೆಂಗಸರನ್ನು ಬರೆಯಲು ಬರುತ್ತಿರಲಿಲ್ಲ. ಟೆಂಟ್ ಸಿನಿಮಾದ ಕಾಲದಲ್ಲಿ ಶಿರಾ, ಮಧುಗಿರಿ ಕಡೆ ಮಾಯಾಮಂತ್ರದ ಚಿತ್ರ ಬಂದರೆ ಕಟೌಟಿಗೆ ಅವನೇ ಬೇಕು. ನಾಯಕನನ್ನು ಮುಷ್ಟಿಯಲ್ಲಿ ಹಿಡಿದ ರಾಕ್ಷಸಿ ತೆಂಗಿನ ಮರದೆತ್ತರ ನಿಂತರೆ ಜನ ಸಿನಿಮಾ ಮರೆತು ಅವಳನ್ನೇ ನೋಡುತ್ತಿದ್ದರು. ಆಮೇಲೆ ಫ್ಲೆಕ್ಸ್ ಬಂತು, ಹಾಳಾದ್ದು. ರೇಣುಕಯ್ಯನ ಕುಂಚ ಪಂಚಾಯಿತಿ ಗೋಡೆಯ ಮೇಲೆ 'ಇಲ್ಲಿ ಮೂತ್ರ ಮಾಡಬಾರದು' ಎಂದು ಬರೆಯುವ ಮಟ್ಟಕ್ಕಿಳಿಯಿತು.

ಹೀಗಿರುವಾಗ ತುಮಕೂರಿನಿಂದ ಚೇತನ್ ಕುಮಾರ್ ಎಂಬಾತ ಬಂದ. ಹಳೆಯ ಮಾಯಾಚಿತ್ರಗಳ ಅಭಿಮಾನಿ ಬಳಗವಂತೆ, ಸಮಾವೇಶವಂತೆ, ವೇದಿಕೆಯ ಪಕ್ಕಕ್ಕೆ ಕೈಯಲ್ಲೇ ಬರೆದ ಮೂವತ್ತಡಿ ರಾಕ್ಷಸಿ ಬೇಕಂತೆ. ರೇಣುಕಯ್ಯ ಮುಂಗಡವನ್ನೂ ಕೇಳದೆ ಒಪ್ಪಿಕೊಂಡ. ಸಾಯುವುದರೊಳಗೆ ಇನ್ನೊಂದು ಸಲ ಜನ ಕತ್ತೆತ್ತಿ ತನ್ನ ಕೆಲಸ ನೋಡಬೇಕು, ಅವನ ಆಸೆ ಅಷ್ಟೇ.

ಕಟೌಟನ್ನು ತುಂಡು ತುಂಡಾಗಿ ನೆಲಕ್ಕೆ ಹಾಸಿ ಬರೆಯುತ್ತಾರೆ. ಕಳಿಸುವ ಮುಂಚೆ ಜೋಡಿಸಿ ನಿಲ್ಲಿಸದಿದ್ದರೆ ತಲೆಗೂ ಕಾಲಿಗೂ ಅಳತೆ ಹೊಂದಿದೆಯೋ ಇಲ್ಲವೋ ತಿಳಿಯದು. ನಿಲ್ಲಿಸಿದ, ಸರಿ, ಆದರೆ ನಿಲ್ಲಿಸಿದ್ದು ಬ್ರಾಂದಿ ಅಂಗಡಿಯಿಂದ ಹಟ್ಟಿಗೆ ಬರುವ ದಾರಿಯ ತಿರುವಿನಲ್ಲಿ. ಅವತ್ತು ಸಂಜೆ ತೂರಾಡಿಕೊಂಡು ಬಂದ ಗಂಡಸರು, ಅವಳ ಮುಷ್ಟಿಯಲ್ಲಿ ಒದ್ದಾಡುತ್ತಿದ್ದವನನ್ನು ಕಂಡು ಎದ್ದೆನೋ ಬಿದ್ದೆನೋ ಎಂದು ಓಟ ಕಿತ್ತರು. ಮರುದಿನ ಯಾರೂ ಅಂಗಡಿ ಕಡೆ ಸುಳಿಯಲಿಲ್ಲ. ಹೆಂಗಸರು ಬಂದು ರಾಕ್ಷಸಿಯ ಪಾದಕ್ಕೆ ಅರಿಶಿನ ಕುಂಕುಮ ಹಚ್ಚಿ, ರವಿಕೆ ಕಣ ಇಟ್ಟು, ಮಡಿಲಕ್ಕಿ ಸುರಿದರು.

ಮೂರ್ನಾಲ್ಕು ದಿನ ಬಿಟ್ಟು ಲಾರಿ ತಂದ ಚೇತನ್ ಕುಮಾರನನ್ನು ಹಟ್ಟಿಯ ದಾಸಮ್ಮ ಅಡ್ಡಗಟ್ಟಿದಳು. "ಅಮ್ಮನ್ನ ಮುಟ್ಟಿದ್ರೆ ನೆಟ್ಗಿರಕಿಲ್ಲ!"

ರೇಣುಕಯ್ಯ ಕೈಮುಗಿದ. "ಅಮ್ಮ ಅಲ್ಲ ಕಣಮ್ಮ ದಾಸಮ್ಮ, ಇವ್ಳು ರಾಕ್ಷಸಿ. ಅಲ್ಲಿ ಸಾವ್ರಾರು ಜನ ನೋಡ್ತಾರೆ. ನನ್ನ ಹೊಟ್ಟೆ ಉರಿಸ್ಬೇಡ."

"ರಾಕ್ಷಸಿ ಅಂತ ನಂಗೊತ್ತಿಲ್ವಾ? ಕೋರೆಹಲ್ಲು ಕಾಣ್ತವಲ್ಲ. ದೇವ್ರಿಗೆ ಹರಕೆ ಹೊತ್ತೂ ಹೊತ್ತೂ ಸಾಕಾಗೋಗೈತೆ ಕಣಣ್ಣ. ನನ್ ಗಂಡ ಹೆದ್ರಿರೋದು ಇವ್ಳೊಬ್ಳಿಗೇ. ಅವತ್ತಿಂದ ಮನೇಲಿ ಹೊಡ್ತ ಬಡ್ತ ಇಲ್ಲ."

ರೇಣುಕಯ್ಯ ಕತ್ತೆತ್ತಿ ರಾಕ್ಷಸಿಯನ್ನು ನೋಡಿದ. ಸಮಾವೇಶ ಕೈತಪ್ಪುವ ಬೇಸರ, ಅದರ ಜೊತೆಗೇ ಬಾಯಿಬಿಟ್ಟು ಹೇಳಲಾಗದಷ್ಟು ಹೆಮ್ಮೆ. ಯಾವ ಟೆಂಟಿನ ಮುಂದೆಯೂ ಅವನ ರಾಕ್ಷಸಿ ಇಷ್ಟು ಕೆಲಸ ಮಾಡಿರಲಿಲ್ಲ.

"ತಪ್ಪಾಯ್ತು ಸಾರ್, ಇವ್ಳು ಬರಕಿಲ್ಲ" ಎಂದ. ಲಾರಿ ಖಾಲಿ ಹೊರಟಿತು.

ಕಣ್ಣೊರೆಸಿಕೊಂಡು ಮನೆ ಕಡೆ ತಿರುಗಿದವನನ್ನು ದಾಸಮ್ಮ ಕೂಗಿ ನಿಲ್ಲಿಸಿದಳು.

"ಅಣ್ಣಾ, ಅವಳ ಕಣ್ಣಿಗೆ ಇನ್ನೊಸಿ ಕೆಂಪು ಬಳಿ. ನಮ್ಮೆಜಮಾನ್ರಿಗೆ ದೂರದ್ದು ಮಬ್ಬು."