ಬೀಳುವವರ ಕೆಳಗೆ ದೆಲ್ಫೀನತ್ತೆಯ ಹಾಸಿಗೆ

ಪೋ ನದಿಯ ಮಂಜು ಇನ್ನೂ ಕರಗಿಲ್ಲ. ತೂರಿನ್ ನಗರದ ಸಿನಿಮಾ ಕಂಪನಿಯೊಂದರ ಗಾಜಿನ ಮಾಡಿನಡಿ ಐವತ್ತೆಂಟರ ದೆಲ್ಫೀನಾ ಬೊವೇರೊ ಮಂಡಿಯೂರಿ ಉಣ್ಣೆ ಹಿಂಜುತ್ತಿದ್ದಾರೆ. ಬಿಸಿಲೇರಿ ಕ್ಯಾಮೆರಾ ತಿರುಗುವಷ್ಟರಲ್ಲಿ ಎಂಟು ಹಾಸಿಗೆ ಸಿದ್ಧವಾಗಬೇಕು. ಇಂದಿನ ಕಥೆಯಲ್ಲಿ ಹೆಂಡತಿ ಲಟ್ಟಣಿಗೆ ಹಿಡಿದು ಅಟ್ಟಿಸಿಕೊಂಡು ಬರುತ್ತಾಳೆ, ಗಂಡ ಅಡುಗೆಮನೆಯ ಕಿಟಕಿಯಿಂದ ಹಾರುತ್ತಾನೆ. ಅವನು ಬೀಳುವ ಜಾಗ, ಇಲ್ಲಿನವರೆಲ್ಲ ಕರೆಯುವಂತೆ, ದೆಲ್ಫೀನತ್ತೆಯದು.

ಮಾತಿಲ್ಲದ ಈ ಹತ್ತು ನಿಮಿಷದ ಚಿತ್ರಗಳಿಗೆ ಊರೆಲ್ಲ ನಗುತ್ತದೆ. ವಾರಕ್ಕೆ ಎರಡು ಚಿತ್ರ, ಒಂದೊಂದರಲ್ಲೂ ಏನಿಲ್ಲೆಂದರೂ ಹತ್ತು ಸಲ ಯಾರಾದರೂ ಬೀಳುತ್ತಾರೆ.

ಹಿಂದೆ ಗಂಡನ ಜೊತೆ ಮನೆಮನೆಯ ಅಂಗಳದಲ್ಲಿ ಹಾಸಿಗೆ ಹೊಲಿಯುತ್ತಿದ್ದವರು ಇವರು. ಉಣ್ಣೆಯ ದೂಳಿಗೆ ಆತ ಕೆಮ್ಮಿ ಕೆಮ್ಮಿ ತೀರಿಕೊಂಡ. ಅಷ್ಟರಲ್ಲಿ ಕಾರ್ಖಾನೆಯ ಹಾಸಿಗೆ ಬಂದು, ಕರೆಯುವವರೂ ಕಡಿಮೆಯಾದರು. ಹರಿದ ಹಾಸಿಗೆಯೊಂದನ್ನು ಹೊಲಿಯಲು ಆರು ವರ್ಷದ ಹಿಂದೆ ಇಲ್ಲಿಗೆ ಬಂದವರು ಇಲ್ಲೇ ಉಳಿದರು. "ನಗೋ ಜನ ನನ್ನ ಒಲೆ ಹತ್ತಿಸಿದ್ರು. ಅವರ ಹೊಟ್ಟೆ ತಣ್ಣಗಿರ್ಲಿ" ಎನ್ನುತ್ತಾರೆ.

ಕಳೆದ ಮಾರ್ಚಿನಲ್ಲಿ ಒಗೆತದ ಜಗಳದ ದೃಶ್ಯವೊಂದರಲ್ಲಿ ತೊಟ್ಟಿ ಮಗುಚಿ, ಸೋಪಿನ ನೀರು ಹಾಸಿಗೆಗೆ ಇಳಿದಿತ್ತು. ಮೇಲಿನ ಬಟ್ಟೆ ನೋಡಲು ಚೆನ್ನಾಗಿಯೇ ಇತ್ತು. ಒಳಗೆ ಉಣ್ಣೆ ಮುದ್ದೆಗಟ್ಟಿ ಸರಿದು, ನಡುವೆ ಬಟ್ಟೆಯಡಿ ಬರೀ ನೆಲದ ಹಲಗೆ ಉಳಿದಿರುತ್ತದೆಂದು ದೆಲ್ಫೀನತ್ತೆಗೆ ಗೊತ್ತು. ಮೇಲೆ ಕಿಟಕಿಯಲ್ಲಿ ನಟ ಗೌದೆಂಜೊ ಹಾರಲು ನಿಂತಿದ್ದ. ಬಿಸಿಲು ಜಾರುತ್ತಿದೆ, ಬೇಗ ಎಂದು ನಿರ್ದೇಶಕರು ಅವಸರಪಡಿಸಿದರು. ಈಕೆ ಹೋಗಿ ಹಾಸಿಗೆಯ ನಟ್ಟನಡುವೆ ಕೂತುಬಿಟ್ಟರು. ಏಳದಿದ್ದರೆ ನಾಳೆಯಿಂದ ಬರಬೇಡ ಎಂದರು ನಿರ್ದೇಶಕರು.

"ನಾಳೆ ಬರಲ್ಲ ಸ್ವಾಮಿ. ಇವತ್ತು ಏಳಲ್ಲ. ಅಷ್ಟು ಅವಸರ ಇದ್ರೆ ನೀವೇ ಹಾರಿ, ಆಗ ಸರೀತೀನಿ."

ನಿರ್ದೇಶಕರು ಸಿಟ್ಟಿನಲ್ಲೇ ಬಂದು ಹಾಸಿಗೆಗೊಂದು ಗುದ್ದು ಕೊಟ್ಟರು. ಗೆಣ್ಣು ತರಚಿತು. ಅಂದಿನ ಕೆಲಸ ನಿಂತಿತು. ಮರುದಿನ ಸೂಜಿ ಕತ್ತರಿ ಒಯ್ಯಲೆಂದು ದೆಲ್ಫೀನತ್ತೆ ಬಂದರೆ, ಅವರ ಮೂಲೆಯಲ್ಲಿ ಉಣ್ಣೆ ಒಣಗಿಸಲು ಹೊಸದೊಂದು ಒಲೆ ಉರಿಯುತ್ತಿತ್ತು. ನಿರ್ದೇಶಕರು ಆ ವಿಷಯ ಎತ್ತಲೇ ಇಲ್ಲ, ಇವರು ಒದ್ದೆ ಉಣ್ಣೆಯನ್ನು ಒಲೆಯ ಮುಂದೆ ಹರಡಿ ಕೂತರು.

ಗೌದೆಂಜೊ ಮಾತ್ರ ಪ್ರತಿ ಶನಿವಾರ ಹೆಂಡತಿ ಮಾಡಿದ ಪೊಲೆಂಟಾ ಎಂಬ ಮೆಕ್ಕೆಜೋಳದ ಮುದ್ದೆ ತಂದುಕೊಡುತ್ತಾನೆ. "ನನಗೆ ಮೂರು ಮಕ್ಕಳು. ಅವತ್ತು ಅತ್ತೆ ಎದ್ದಿದ್ರೆ, ಇವತ್ತು ಆ ಮಕ್ಕಳೇ ನನ್ನ ಹೊತ್ಕೊಂಡು ಓಡಾಡ್ಬೇಕಿತ್ತು" ಎನ್ನುತ್ತಾನೆ.

ಇವರ ಬಗ್ಗೆ ಬರೆಯಲೆಂದು ಬಂದ ನಾನು, ನಿಮಗೇನಾದರೂ ಆಸೆಯಿದೆಯೇ ಎಂದು ಕೇಳುತ್ತೇನೆ. ದೆಲ್ಫೀನತ್ತೆ ಬಾಯಲ್ಲಿದ್ದ ದಾರವನ್ನು ಕಡಿದು, ಸೂಜಿಯನ್ನು ಹಾಸಿಗೆಗೆ ಚುಚ್ಚಿಡುತ್ತಾರೆ.

"ಭಾನುವಾರ ಹೋಗಿ ಚಿತ್ರ ನೋಡ್ತೀನಿ. ಗೌದೆಂಜೊ ಬೀಳ್ತಾನೆ, ಜನ ನಗ್ತಾರೆ, ಅಲ್ಲಿಗೆ ಮುಗಿಸಿಬಿಡ್ತಾರೆ. ಒಂದ್ಸಲ ಅವನು ಮೈ ಕೊಡವ್ಕೊಂಡು ಏಳೋದನ್ನೂ ತೋರಿಸ್ಲಿ. ಅಷ್ಟು ಸಾಕು."