ಅಜ್ಜನ ತುಟಿಯ ಮಾತು

ನಮ್ಮಜ್ಜ ಸುಳ್ಳುಗಾರ ಅಂತ ಇಡೀ ಮನೆ ನಂಬಿತ್ತು. ಅವನು ಹೇಳಿದ್ದು ನಿಜ. ಸುಳ್ಳು ಹೇಳಿದವಳು ನಾನು, ಆಗ ಹತ್ತು ವರ್ಷದವಳು.

ಇದು ಗೊತ್ತಾಗಿದ್ದು ಹೋದ ವಾರ, ಅಮೆರಿಕದ ಸ್ಕೋಕಿ ಎಂಬ ಊರಲ್ಲಿರುವ ನನ್ನ ಮಗಳ ಮನೆಯ ಸೋಫಾದ ಮೇಲೆ. ಅಜ್ಜ ಅಮೆರಿಕದಿಂದ ತಂದ ಒಂದೇ ಒಂದು ಫೋಟೋ ನನ್ನ ಹತ್ತಿರ ಇತ್ತು, ಅಲ್ಲಿನ ಯಾವುದೋ ಸಿನಿಮಾಕ್ಕಾಗಿ ಮುಂಡಾಸು ಸುತ್ತಿ ತಟ್ಟೆ ಹಿಡಿದು ನಿಂತದ್ದು. ಅದನ್ನಿಟ್ಟುಕೊಂಡು ಮೊಮ್ಮಗಳು ಎಲ್ಲೆಲ್ಲೋ ಹುಡುಕಿ ಆ ಮೂಕಿ ಚಿತ್ರವನ್ನೇ ಟಿವಿಯಲ್ಲಿ ಹಾಕಿದಳು. ಸದ್ದೇ ಇಲ್ಲ. ಒಬ್ಬ ಬಿಳಿ ದೊರೆ ಕುರ್ಚಿಯಲ್ಲಿ ಕೂತಿದ್ದಾನೆ. ಅಜ್ಜ ತಟ್ಟೆ ತಂದಿಡುತ್ತಾನೆ, ಬಗ್ಗುತ್ತಾನೆ, ತುಟಿ ಆಡಿಸುತ್ತಾನೆ. ಆಮೇಲೆ ಕರಿ ಪರದೆಯ ಮೇಲೆ ಬಿಳಿ ಅಕ್ಷರ. ನಾನು ಓದಿದ್ದು ನಾಲ್ಕನೇ ಇಯತ್ತೆ, ಇಂಗ್ಲಿಷ್ ಬಾರದು. ಅವಳೇ ಓದಿದಳು.

“‘ಯೆಸ್, ಮಾಸ್ಟರ್’ ಅಂತೆ ಅಜ್ಜಿ. ಅಷ್ಟೇನಾ ಇವರ ಡೈಲಾಗು?”

“ಹೂಂ, ಅಷ್ಟ,” ಅಂದೆ.

ಅವನ ತುಟಿ ಅಂದದ್ದು ಅದಲ್ಲ. ‘ಗಂಗವ್ವಾ, ಉಂಡ್ಯೇನ?’ ಅಂದಿದ್ದ. ಗಂಗವ್ವ ಅವನ ಹೆಂಡತಿ, ನಮ್ಮ ಆಯಿ.

ನನ್ನ ಅವ್ವ ಇನ್ನೂ ಆಯಿಯ ಹೊಟ್ಟೆಯಲ್ಲಿದ್ದಾಗ ಅಜ್ಜ ಹಡಗು ಹತ್ತಿದವನು. ಹನ್ನೆರಡು ವರ್ಷ ಒಂದು ಕಾಗದವಿಲ್ಲ. ಅಲ್ಲಿನ ಚಿತ್ರಗಳಲ್ಲಿ ಆಳಾದ, ಹಾವಾಡಿಗನಾದ, ಅರಮನೆಯ ಕಾವಲುಗಾರನಾದ. ಒಂದು ಚಿತ್ರದಲ್ಲಿ ಮೊದಲ ಗುಂಡಿಗೇ ಸತ್ತನಂತೆ. ಚಿತ್ರಗಳಿಗೆ ಮಾತು ಬಂದ ಮೇಲೆ ಇವನ ಇಂಗ್ಲಿಷು ಯಾರಿಗೂ ಬೇಡವಾಗಿ ಗದಗಿಗೆ ಮರಳಿದ. ಅಷ್ಟರಲ್ಲಿ ಆಯಿ ಸ್ಟೇಷನ್ ಹತ್ತಿರ ಖಾನಾವಳಿ ನಡೆಸುತ್ತಿದ್ದಳು. ರೊಟ್ಟಿ ಬಡಿಯುವ ಸಪ್ಪಳ, ಒಗ್ಗರಣೆಯ ಘಾಟು, ಉಣ್ಣಲು ಬಂದವರ ಗದ್ದಲ, ಈಗ ಅದರ ಒಂದು ಇಟ್ಟಿಗೆಯೂ ಉಳಿದಿಲ್ಲ. ಅವಳು ಅವನಿಗೆ ಒಂದು ಮೂಲೆ ಕೊಟ್ಟಳು, ಹೊತ್ತಿಗೆ ಸರಿಯಾಗಿ ತಾಟು ಕೊಟ್ಟಳು. ಮಾತು ಕೊಡಲಿಲ್ಲ. ಅವನ ಚಿತ್ರಗಳ ಕತೆಯನ್ನು ಮನೆಯಲ್ಲಿ ಯಾರೂ ನಂಬಲಿಲ್ಲ. ಯಾರೂ ಕಿವಿಗೊಡದ ಇಂಥ ಮುದುಕ ನಿಮ್ಮ ಮನೆಯಲ್ಲೂ ಇದ್ದಿರಬಹುದು. ಮುದಿತನದಲ್ಲಿ ಗಂಟಲ ಗಡ್ಡೆ ಕೊಯ್ಸಿ ಅವನ ದನಿಯೂ ಹೋಯಿತು. ಎದುರಿಗೆ ಕೂತು ತುಟಿ ನೋಡುವ ಪುರುಸೊತ್ತು ನನಗೊಬ್ಬಳಿಗೇ ಇದ್ದದ್ದು. ಅಜ್ಜನಿಗೆ ಬಿಸಿನೀರು ಬೇಕಂತೆ, ಅಜ್ಜನಿಗೆ ಸೆಕೆಯಂತೆ ಎಂದು ಒಳಗೆ ಹೋಗಿ ಹೇಳುವವಳು ನಾನೇ.

ಹಾಸಿಗೆ ಹಿಡಿದ ಮೇಲೆ ಒಂದು ಮಧ್ಯಾಹ್ನ ಆಯಿಯನ್ನು ಕರೆಸಿದ. ಅವಳು ಹಿಟ್ಟಿನ ಕೈಯಲ್ಲೇ ಬಂದು ಬಾಗಿಲಲ್ಲಿ ನಿಂತಳು. ಅಜ್ಜ ನನ್ನ ಕಡೆ ನೋಡಿ ನಿಧಾನವಾಗಿ ತುಟಿ ಆಡಿಸಿದ: ‘ಆಕೀಗೆ ಹೇಳು. ಅಲ್ಲಿ ನಾ ಏನಂದ್ರೂ ಯಾರಿಗೂ ಕೇಳ್ತಿರಲಿಲ್ಲ. ಪ್ರತಿ ಚಿತ್ರದಾಗೂ ಆಕೀ ಹೆಸರು ಹಿಡಿದು, ಉಂಡ್ಯೇನ ಅಂತ ಕೇಳೀನಿ.’

“ಏನಂತಾನ?” ಎಂದಳು ಆಯಿ.

ಅವಳ ಸುಟ್ಟ ಬೆರಳು ನೋಡಿದೆ. ಹನ್ನೆರಡು ವರ್ಷ ಇವಳು ಸತ್ತಳೋ ಬದುಕಿದಳೋ ವಿಚಾರಿಸದವನು ಈಗ ಕತೆ ಕಟ್ಟುತ್ತಿದ್ದಾನೆ ಅನ್ನಿಸಿ ಮೈ ಉರಿಯಿತು.

“ನೀರು ಬೇಕಂತ,” ಅಂದೆ.

ಆಯಿ ನೀರು ತಂದಳು. ಅವನು ಕುಡಿಯಲಿಲ್ಲ. “ಬ್ಯಾಡಾದ್ರ ಯಾಕ ಕರದ?” ಎಂದು ಗೊಣಗುತ್ತ ಹೋದಳು. ಆಮೇಲೆ ಇಪ್ಪತ್ತು ವರ್ಷ ಬದುಕಿದ್ದಳು. ನಾನು ಬಾಯಿ ಬಿಡಲಿಲ್ಲ. ಅವನ ಸುಳ್ಳನ್ನು ಅವಳಿಗೆ ಮುಟ್ಟಿಸದೆ ಉಪಕಾರ ಮಾಡಿದೆ ಎಂದೇ ತಿಳಿದಿದ್ದೆ.

ಆ ನೀರು ತಂದ ಮರುದಿನ ಬೆಳಿಗ್ಗೆ ಅಜ್ಜ ನನ್ನ ಕೈ ಹಿಡಿದು ಹತ್ತಿರಕ್ಕೆ ಎಳೆದುಕೊಂಡು ಮತ್ತೆ ಅದನ್ನೇ ಹೇಳತೊಡಗಿದ. ನಾನು ಕಣ್ಣು ಮುಚ್ಚಿಕೊಂಡೆ. ಅವನ ಹಿಡಿತ ಸಡಿಲಾಗುವವರೆಗೂ ತೆರೆಯಲಿಲ್ಲ.