ಗಿರಿಯಪ್ಪ ಮೇಷ್ಟ್ರ ಬೇಸ್‌ಬಾಲ್

ಎರಡು ಸಾವಿರದ ಹನ್ನೆರಡರ ಜುಲೈಯಲ್ಲಿ ಹೊಸನಗರದ ನಮ್ಮ ಪ್ರೌಢಶಾಲೆಗೆ ಒಂದು ಸುತ್ತೋಲೆ ಬಂತು. ಜಿಲ್ಲಾ ಕ್ರೀಡಾಕೂಟಕ್ಕೆ ಪ್ರತಿ ತಾಲ್ಲೂಕಿನಿಂದ ಬಾಲಕಿಯರ ಬೇಸ್‌ಬಾಲ್ ತಂಡ ಕಳಿಸಬೇಕು ಎಂದು ಅದರಲ್ಲಿತ್ತು. ನಾನು ಅಲ್ಲಿ ಕನ್ನಡ ಕಲಿಸುತ್ತಿದ್ದೆ. ಪಿ.ಟಿ. ಮೇಷ್ಟ್ರು ಗಿರಿಯಪ್ಪ ಕಾಗದ ಹಿಡಿದು ನನ್ನ ಹತ್ತಿರ ಬಂದರು.

"ಬೇಸ್‌ಬಾಲ್ ಅಂದ್ರೆ ಎಂತದ್ರೀ?"

"ಅಮೆರಿಕದಲ್ಲಿ ಆಡ್ತಾರೆ ಮೇಷ್ಟ್ರೇ."

ಅವರು ಕಾಗದವನ್ನು ಮತ್ತೊಮ್ಮೆ ಓದಿದರು. "ಇದ್ರಲ್ಲಿ ಹೊಸನಗರ ಅಂತ್ಲೇ ಬರ್ದಾರೆ" ಎಂದರು.

ಗಿರಿಯಪ್ಪನವರದು ಗೇಣಿದಾರರ ಮನೆ. ಗೇಣಿ ಭೂಮಿ ಸ್ವಂತದ್ದಾದ ಮೇಲೆ ಅಪ್ಪ ಓದಲು ಕಳಿಸಿದ್ದರು. ಇವರು ಓದಿದ್ದಕ್ಕಿಂತ ಹೆಚ್ಚಾಗಿ ಕಬಡ್ಡಿ ಆಡಿ, ಎಡಮಂಡಿ ಕೆಡಿಸಿಕೊಂಡು, ಆಟ ಕಲಿಸುವ ಕೆಲಸ ಹಿಡಿದರು. ಮೇಲಿನಿಂದ ಬಂದ ಕಾಗದವನ್ನು ಅವರು ಎಂದೂ ಕಡೆಗಣಿಸಿದವರಲ್ಲ.

ಬಡಗಿ ಧರ್ಮಪ್ಪನಿಗೆ ಬ್ಯಾಟಿನ ಚಿತ್ರ ತೋರಿಸಿದರು. ಅವನು "ಇದು ಒನಕೆ ಅಲ್ವಾ ಮೇಷ್ಟ್ರೇ?" ಎಂದು ಕೇಳಿ, ಮನೆಯ ಹಳೆಯ ಒನಕೆಯನ್ನೇ ಅರ್ಧಕ್ಕೆ ಕೊಯ್ದು ಎರಡು ಬ್ಯಾಟು ಮಾಡಿಕೊಟ್ಟ. ದರ್ಜಿಯೊಬ್ಬ ಗೋಣಿಬಟ್ಟೆಗೆ ಹತ್ತಿ ತುಂಬಿ ಕೈಗವಸು ಹೊಲಿದ. ಖೋಖೋಗೆ ಆಯ್ಕೆಯಾಗದ ಹದಿನಾಲ್ಕು ಹುಡುಗಿಯರು ತಂಡವಾದರು. ಚೆಂಡು ಹೊಡೆದವಳು ಬ್ಯಾಟು ಬಿಟ್ಟು ಓಡಬೇಕು. ಮೈದಾನದಲ್ಲಿಟ್ಟ ಮೂರು ಮೂಟೆಗಳನ್ನು ಮುಟ್ಟಿ ಹೊರಟಲ್ಲಿಗೇ ಬಂದರೆ ಒಂದು ರನ್. ಅವಳಿಗಿಂತ ಮೊದಲು ಚೆಂಡು ಮೂಟೆಗೆ ಬಂದರೆ ಔಟ್. ಇಷ್ಟನ್ನು ನಾವಿಬ್ಬರೂ ಇಂಗ್ಲಿಷ್ ನಿಯಮಗಳ ಪಕ್ಕ ನಿಘಂಟು ಇಟ್ಟುಕೊಂಡು ಅರ್ಥಮಾಡಿಕೊಂಡೆವು.

ಜಿಲ್ಲಾ ಕೂಟ ಆ ವರ್ಷ ಸಾಗರದಲ್ಲಿ. ಬಂದ ತಂಡಗಳು ಮೂರು: ಸಾಗರ, ಹೊಸನಗರ, ತೀರ್ಥಹಳ್ಳಿ. ಉಳಿದ ತಾಲ್ಲೂಕುಗಳು "ತಂಡವಿಲ್ಲ" ಎಂದು ಬರೆದು ಕಳಿಸಿದ್ದವು.

ನಮಗೆ ಮೊದಲ ಪಂದ್ಯ ತೀರ್ಥಹಳ್ಳಿಯ ಮೇಲೆ. ಅವರ ಹುಡುಗಿ ಚೆಂಡು ಹೊಡೆದು ಎಡಗಡೆಗೆ ಓಡಿದಳು. ನಮ್ಮವಳು ಬಲಗಡೆಯ ಮೂಟೆಯ ಹತ್ತಿರ ಚೆಂಡು ಹಿಡಿದು ಅವಳಿಗಾಗಿ ಕಾದಳು. ಅವಳು ಬರಲೇ ಇಲ್ಲ.

ಗಿರಿಯಪ್ಪ ಮೈದಾನಕ್ಕೆ ಇಳಿದರು. "ಬಲಗಡೆಯಿಂದ ಓಡ್ಬೇಕು ಮುಕುಂದಯ್ನೋರೆ."

ಮುಕುಂದಯ್ಯ ತೀರ್ಥಹಳ್ಳಿಯ ಮೇಷ್ಟ್ರು, ನಿಧಾನದ ಮನುಷ್ಯ. "ಸುತ್ತು ಬರೋದು ಅಂದ್ಮೇಲೆ ಪ್ರದಕ್ಷಿಣೆ ಅಲ್ವೇನ್ರೀ? ನೀವು ಓಡ್ಸೋದು ಅಪ್ರದಕ್ಷಿಣೆ" ಎಂದರು.

"ಓಟದ ಪಂದ್ಯದಲ್ಲೂ ಹಂಗೇ ಅಲ್ವಾ ಓಡೋದು?"

"ಅದು ಓಟ. ಇದು ಸುತ್ತು."

ಅಂಪೈರಾಗಿದ್ದ ಸಾಗರದ ಮೇಷ್ಟ್ರು ನಿಯಮದ ಪುಸ್ತಕ ತೆರೆದರು. ಅದರಲ್ಲಿದ್ದ ಒಂದೇ ಚಿತ್ರದಲ್ಲಿ ಆಟಗಾರ ಸುಮ್ಮನೆ ನಿಂತಿದ್ದ. ಕೊನೆಗೆ ಅವರವರ ತಂಡ ಅವರವರ ಪದ್ಧತಿಯಂತೆ ಓಡತಕ್ಕದ್ದು ಎಂದು ತೀರ್ಮಾನವಾಯಿತು. ಈ ಒಪ್ಪಂದದ ಮೇಲೆ ಮೂರು ತಾಲ್ಲೂಕುಗಳ ಬೇಸ್‌ಬಾಲ್ ಐದು ವರ್ಷ ನಡೆಯಿತು.

ಮೂರನೇ ವರ್ಷ ನಮ್ಮ ತಂಡಕ್ಕೆ ಸೌಜನ್ಯಾ ಬಂದಳು. ವಾರ ಕಳೆಯುವುದರೊಳಗೆ ಅವಳ ಅಜ್ಜಿ ದುರ್ಗಮ್ಮ ಶಾಲೆಗೇ ಬಂದರು.

"ಮೇಷ್ಟ್ರೇ, ಅಪ್ರದಕ್ಷಿಣೆ ಸುತ್ತೋದು ಸುಡುಗಾಡಲ್ಲಿ. ನಮ್ಮ ಕೂಸನ್ನ ಯಾಕೆ ಹಂಗೆ ಓಡಿಸ್ತೀರಾ? ತೀರ್ಥಳ್ಳಿಯೋರು ಸರಿಯಾಗಿ ಓಡ್ತಾರಂತೆ."

"ಅವ್ರು ತಪ್ಪಾಗಿ ಓಡ್ತಾರೆ ಅಮ್ಮ."

"ಗೆದ್ದೋರು ಯಾರು ಹೋದ್ವರ್ಷ?"

"ಅವ್ರೇ."

ಸೌಜನ್ಯಾ ಗೋಡೆಗೊರಗಿ ನಿಂತು ಅಳುವುದಕ್ಕೆ ತಯಾರಾಗಿದ್ದಳು. ದುರ್ಗಮ್ಮ ಅವಳ ಮುಖ ನೋಡಿ, "ಹಂಗಾದ್ರೆ ಆಟ ಮುಗ್ದ ಕೂಡ್ಲೆ ಕೈಕಾಲು ತೊಳ್ಕಂಡೇ ಬರ್ಲಿ" ಎಂದರು. ಗಿರಿಯಪ್ಪ ಒಪ್ಪಿದರು. ಅಂದಿನಿಂದ ಹದಿನಾಲ್ಕು ಹುಡುಗಿಯರೂ ಸಾಲಾಗಿ ನಲ್ಲಿಗೆ ಹೋಗಿ ಕೈಕಾಲು ತೊಳೆಯತೊಡಗಿದರು. ತಪಾಸಣೆಗೆ ಬಂದ ಅಧಿಕಾರಿಯೊಬ್ಬರು ಇದನ್ನು ಸ್ವಚ್ಛತೆಯ ಮಾದರಿ ಎಂದು ಬರೆದುಕೊಂಡು ಹೋದರು.

ಎರಡು ಸಾವಿರದ ಹದಿನಾರರಲ್ಲಿ ನಾವು ಜಿಲ್ಲೆ ಗೆದ್ದೆವು. ವಿಭಾಗ ಮಟ್ಟಕ್ಕೆ ಗಿರಿಯಪ್ಪನವರ ಜೊತೆಗೆ ಮುಕುಂದಯ್ಯ ಜಿಲ್ಲೆಯ ಪರವಾಗಿ ಮ್ಯಾನೇಜರಾಗಿ ಹೋದರು. ನಾನು ಹೋಗಿರಲಿಲ್ಲ, ಗಿರಿಯಪ್ಪ ಹೇಳಿದ್ದನ್ನೇ ಹೇಳುತ್ತೇನೆ. ಎದುರು ತಂಡದ ಕೈಯಲ್ಲಿ ಚರ್ಮದ ಗವಸುಗಳಿದ್ದವು. ನಾವು ಇಪ್ಪತ್ಮೂರು–ಒಂದರಿಂದ ಸೋತೆವು. ಆ ಒಂದು ಸೌಜನ್ಯಾಳದು. ಕೊನೆಯ ಸರದಿಯಲ್ಲಿ ಅವಳು ಹೊಡೆದ ಚೆಂಡು ಬೇಲಿಯವರೆಗೆ ಉರುಳಿತು. ಅವಳು ಮೂರೂ ಮೂಟೆ ಮುಟ್ಟಿ ಬಂದು ನಿಂತಳು.

"ಕೂಗ್ಬೇಕು ಅನ್ಸ್ತು ಕಣ್ರೀ. ಎಂತ ಕೂಗ್ಬೇಕು ಅಂತ ಗೊತ್ತಾಗ್ಲಿಲ್ಲ" ಎಂದರು ನನ್ನ ಹತ್ತಿರ.

ಆ ಕೂಟದಲ್ಲಿ ಎಲ್ಲ ತಂಡಗಳೂ ಬಲಗಡೆಯಿಂದಲೇ ಓಡಿದ್ದವು. ವಾಪಸು ಬರುವ ಬಸ್ಸಿನಲ್ಲಿ ಮುಕುಂದಯ್ಯ ಬಹಳ ದೂರ ಕಿಟಕಿಯ ಹೊರಗೆ ನೋಡುತ್ತಿದ್ದರು.

"ನೀವು ಹೇಳಿದ್ದೇ ಸರಿ ಗಿರಿಯಪ್ನೋರೆ."

"ಇರ್ಲಿ ಬಿಡಿ."

"ನಮ್ಮ ಹುಡ್ಗೀರಿಗೆ ಈಗ ಹೆಂಗ್ ಹೇಳೋದು ಅಂತ."

ಗಿರಿಯಪ್ಪ ಯೋಚಿಸಿದರು. "ಇವ್ರಿಗೆ ಹೇಳ್ಬೇಡಿ. ಮುಂದಿನ ಬ್ಯಾಚಿಂದ ಶುರು ಮಾಡಿ."

ಮುಂದಿನ ಬ್ಯಾಚು ಶುರುವಾಗುವುದರೊಳಗೆ ಮುಕುಂದಯ್ಯನವರಿಗೆ ವರ್ಗವಾಯಿತು. ತೀರ್ಥಹಳ್ಳಿಯ ತಂಡ ನಿಂತಿತು. ಸಾಗರದವರು ಇನ್ನೆರಡು ವರ್ಷ ಬಂದರು. ಎರಡು ಸಾವಿರದ ಹತ್ತೊಂಬತ್ತರಲ್ಲಿ ಸುತ್ತೋಲೆಯೇ ಬರಲಿಲ್ಲ. ಆಗಸ್ಟ್‌ವರೆಗೆ ಕಾದು ಗಿರಿಯಪ್ಪ ಶಿಕ್ಷಣ ಇಲಾಖೆಯ ಕಚೇರಿಗೆ ಹೋದರು. ಗುಮಾಸ್ತರು ಪಟ್ಟಿ ತೆಗೆದು ತೋರಿಸಿದರು, ಬೇಸ್‌ಬಾಲ್ ಅದರಲ್ಲಿರಲಿಲ್ಲ.

"ಯಾಕ್ ತೆಗ್ದ್ರು?"

"ಯಾಕ್ ಹಾಕಿದ್ರು ಅಂತ್ಲೂ ನಂಗೆ ಗೊತ್ತಿಲ್ಲ ಸಾರ್."

ಅವರು ಶಾಲೆಗೆ ಮರಳುವಾಗ ಆಟದ ಪೀರಿಯಡ್ಡು. ಆ ವರ್ಷದ ಹದಿನಾಲ್ಕು ಹುಡುಗಿಯರು ಮೂಟೆಗಳನ್ನಿಟ್ಟು ಕಾಯುತ್ತಿದ್ದರು. ಗಿರಿಯಪ್ಪ ಏಳೇಳು ಜನರ ಎರಡು ತಂಡ ಮಾಡಿ, ತಾವೇ ಅಂಪೈರಾಗಿ ನಿಂತು ಪೂರ್ತಿ ಪಂದ್ಯ ಆಡಿಸಿದರು. ಸ್ಕೋರನ್ನು ನನ್ನಿಂದ ಬೋರ್ಡಿನ ಮೇಲೆ ಬರೆಸಿದರು: ಹೊಸನಗರ ಹನ್ನೊಂದು, ಹೊಸನಗರ ಒಂಬತ್ತು.